ಇಲ್ಲದ ಬನ್ನಿಗಿಡದ ತಕರಾರು

ಮನೆಯ ತಕರಾರು ತೀರಿಸಲು ನನಗೆ ಗೊತ್ತಿರುವ ಉಪಾಯ ಒಂದೇ, ಸುಮ್ಮನೆ ಕೂಡುವುದು. ಮಳೆಗೆ ಮಣ್ಣಿನ ಮಾಳಿಗೆ ಸೋರಿ, ಹೆಂಡತಿ ನಾಗಮ್ಮ ಮನೆತುಂಬ ಬೋಗುಣಿ ಇಟ್ಟು, "ಮ್ಯಾಲೆ ಒಂದೀಟು ಸವಳು ಮಣ್ಣರ ಹಾಕಸ್ರೀ" ಎಂದರೆ "ಹೂಂ" ಅನ್ನುತ್ತೇನೆ. ಹೂಂ ಅನ್ನುತ್ತಿರುವಾಗಲೇ ಮಳೆಗಾಲ ಮುಗಿಯುತ್ತದೆ, ತಕರಾರೂ ತೀರುತ್ತದೆ. ಇದು ನನ್ನ ಸ್ವಂತ ಬುದ್ಧಿ ಎಂದು ಬೀಗುತ್ತಿದ್ದೆ. ಲಿಂಗಸುಗೂರಿನ ಕೋರ್ಟಿಗೆ ಹೋಗಿಬಂದ ಮೇಲೆ ಆ ಸೊಕ್ಕು ಇಳಿಯಿತು.

ನಮ್ಮೂರು ಮಸ್ಕಿಯ ಹತ್ತಿರ. ನನ್ನ ಹೊಲಕ್ಕೂ ಕಾಕಾನ ಮಗ ಸಂಗಪ್ಪನ ಹೊಲಕ್ಕೂ ನಡುವಿನ ಬದುವಿನ ಮೇಲೆ ಅಜ್ಜನ ಕಾಲದ ಬನ್ನಿಗಿಡವಿತ್ತು. ವರ್ಷವಿಡೀ ಮಾತು ಬಿಟ್ಟ ಅಣ್ಣತಮ್ಮಂದಿರು ದಸರೆಯ ದಿನ ಅದರ ಬುಡದಲ್ಲಿ ಎಲೆ ಕೊಟ್ಟು ತೆಗೆದುಕೊಂಡು ಮತ್ತೆ ಮಾತಾಡುತ್ತಿದ್ದರು. ನಮ್ಮ ಮನೆತನ ಒಡೆಯದೆ ಉಳಿದದ್ದೇ ಆ ಗಿಡದಿಂದ ಎಂದರೂ ನಡೆದೀತು. ಕಾಲುವೆಗೆ ನೀರು ಬಂತು ನೋಡಿ, ಅಲ್ಲಿಯವರೆಗೆ ಜೋಳ ಬಿತ್ತಿಕೊಂಡು ತೆಪ್ಪಗಿದ್ದ ಸಂಗಪ್ಪನಿಗೆ ಭತ್ತದ ಹುಚ್ಚು ಹಿಡಿಯಿತು. "ನೆಳ್ಳಾಗ ನೆಲ್ಲು ಬರಂಗಿಲ್ಲಣ್ಣ, ಗಿಡ ತೆಗಸ್ತೀನಿ" ಅಂದ. ನಾನು ಜಾಣನಲ್ಲವೆ, ಕಡಿಯದಂತೆ ತಡೆಯಿರಿ ಎಂದು ಅರ್ಜಿ ಹಾಕಿದೆ. ಅದುವರೆಗೆ ಇವತ್ತು ನಾಳೆ ಅನ್ನುತ್ತಿದ್ದವನು ನೋಟೀಸು ಮುಟ್ಟಿದ ಮರುದಿನವೇ ಕೊಡಲಿ ಹಾಕಿದ.

ಆಮೇಲೆ ಕೋರ್ಟಿನಲ್ಲಿ ಪೇಶಿಯ ಮೇಲೆ ಪೇಶಿ, ತಾರೀಖಿನ ಮೇಲೆ ತಾರೀಖು ಬಿತ್ತು. ಒಮ್ಮೆ ಸಾಹೇಬರಿಗೆ ರಜೆ, ಒಮ್ಮೆ ನಮ್ಮ ವಕೀಲರ ನಾದಿನಿಯ ಮದುವೆ. ಕೊನೆಗೊಮ್ಮೆ ನನ್ನ ಹೆಸರು ಕೂಗಿದಾಗ ಗಿಡದ ನೆರಳು ಬೀಳುತ್ತಿದ್ದ ಜಾಗದಲ್ಲಿ ಭತ್ತ ಮೊಣಕಾಲೆತ್ತರ ನಿಂತಿತ್ತು.

"ಮರ ಈಗ ಇದೆಯೆ?" ಮುನಸೀಫರು ಕೇಳಿದರು.

"ಇಲ್ರಿ ಸಾಹೇಬ್ರ, ಅದಕ್ಕ..."

"ಇಲ್ಲದ ಮರವನ್ನು ಕಡಿಯಬೇಡ ಎಂದು ಹೇಗೆ ಹೇಳುವುದು? ಅರ್ಜಿಗೆ ಕಾರಣವೇ ಉಳಿದಿಲ್ಲ. ವಜಾ."

ಹೊರಗೆ ಬಂದು ವಕೀಲರು ಎಲೆಯಡಿಕೆ ಮೆಲ್ಲುತ್ತ, "ನೀವೇನ್ ಸೋತಿಲ್ರೀ, ತಕರಾರ ಮುಗದೈತಿ, ಅಷ್ಟ" ಅಂದರು. ಮುಗಿದದ್ದು ಗಿಡ. ತಕರಾರು ಬಸ್ಸಿನಲ್ಲಿ ನನ್ನ ಜೊತೆಗೇ ಊರಿಗೆ ಬಂತು. ಕೋರ್ಟು ಹೇಳಿದ್ದರಲ್ಲಿ ಒಂದಕ್ಷರ ಸುಳ್ಳಿರಲಿಲ್ಲ. ಸುಳ್ಳಿದ್ದಿದ್ದರೆ ಹೊಟ್ಟೆ ಇಷ್ಟು ಉರಿಯುತ್ತಿರಲಿಲ್ಲ.

ದಸರೆಗೆ ಸಂಗಪ್ಪ ಬಂದ. ಬನ್ನಿ ಹಿಡಿದು ಬಂದವನನ್ನು ಹೊಸ್ತಿಲಿಂದ ತಿರುಗಿಸಿ ಕಳಿಸುವ ಪದ್ಧತಿ ನಮ್ಮಲ್ಲಿಲ್ಲ.

"ಬನ್ನಿ ತಗೊಂಡು ಬಂಗಾರದಂಗ ಇರೋಣಣ್ಣ."

"ಎಲ್ಲೀದಪಾ ಇದು?"

"ಮಸ್ಕಿ ಬಜಾರದಾಗ ತಂದೀನಿ. ಸಿಟ್ಟು ಬಿಡಣ್ಣ. ಗಿಡಾನ ಇಲ್ಲಂದಮ್ಯಾಲ ಜಗಳ ಎದಕ?"

ಕೋರ್ಟಿನ ಮೆಟ್ಟಿಲೇ ಹತ್ತದವನು ತೀರ್ಪನ್ನು ಬಾಯಿಪಾಠ ಒಪ್ಪಿಸಿದ. ಎಲೆ ತೆಗೆದುಕೊಂಡೆ. ಕಾಲಿಗೆ ಬಿದ್ದವನ ತಲೆ ಮುಟ್ಟಿದೆ. ಒಳಗಿನ ಕಿಚ್ಚು ಇದ್ದಂತೆಯೇ ಇತ್ತು.

ಆಗ ಯಾಕೋ ನಾಗಮ್ಮನ ಬೋಗುಣಿಗಳು ಕಣ್ಣಿಗೆ ಬಿದ್ದವು. ಮರುದಿನ ಯಾರೂ ಹೇಳದೆ ಬಂಡಿ ಕಟ್ಟಿ, ಸವಳು ಮಣ್ಣು ತಂದು ಅಂಗಳದಲ್ಲಿ ಸುರಿದೆ. ಶಹಬ್ಬಾಸ್ ಅಂದಾಳೆಂದು ನಿಂತೆ. ಅವಳು ಒಣಗಿದ ಬೋಗುಣಿಗಳನ್ನು ಬೋರಲು ಹಾಕುತ್ತ, ನನ್ನ ಕಡೆ ನೋಡದೆಯೇ ಹೇಳಿದಳು:

"ಈಗ್ಯಾಕ್ರೀ? ಮಳಿನ ಹೋತಲ್ಲ."