ಏಳನೆಯ ಆಕ್ಷೇಪಣೆ

"ಹನ್ನೊಂದು ಗಂಟೆಯೊಳಗೆ ತೆರಿಗೆ ನಂಬರು ನನ್ನ ಕೈಯಲ್ಲಿರುತ್ತೆ, ನೋಡ್ತಾ ಇರಿ" ಎಂದು ಸೂಜಿರಾಯರು ಶುಕ್ರವಾರ ಬೆಳಗ್ಗೆ ಕಾಫಿ ಲೋಟವನ್ನು ಠಣ್ಣನೆ ಕೆಳಗಿಟ್ಟು ಘೋಷಿಸಿದರು. ನೋಡುತ್ತಾ ಇರಲು ಯಾರಿಗೂ ಪುರುಸೊತ್ತಿರಲಿಲ್ಲ. ಮಗಳು ಪರೀಕ್ಷೆಗೆ ಓದುತ್ತಿದ್ದಳು. ಹೆಂಡತಿಗೆ ಅಂದು ವಾರದ ರಜೆ; ಆಕೆ ಕಿಟಕಿಯ ಬಳಿ ಕೂತು ನೆಮ್ಮದಿಯಾಗಿ ಉಗುರು ಕತ್ತರಿಸಿಕೊಳ್ಳುತ್ತಿದ್ದರು.

ರಾಯರು ಹೊಲಿಗೆ ಮಿಷನ್ ರಿಪೇರಿ ಮಾಡುವವರು. ತುಟಿಯ ಮೂಲೆಯಲ್ಲಿ ಸದಾ ಒಂದು ಸೂಜಿ ಕಚ್ಚಿಕೊಂಡೇ ಮಾತಾಡುತ್ತಿದ್ದುದರಿಂದ ಬೀದಿಯವರು ಆ ಹೆಸರಿಟ್ಟಿದ್ದರು, ಅವರಿಗೂ ಅದು ಬಿರುದಿನಂತೆ ಒಗ್ಗಿಹೋಗಿತ್ತು. ಹಿಂದೆ ಬಟ್ಟೆ ಕಾರ್ಖಾನೆಯಲ್ಲಿ ಮೆಕ್ಯಾನಿಕ್ ಆಗಿದ್ದರು. ಕಾರ್ಖಾನೆಗೆ ಬೀಗ ಬಿದ್ದ ಮೇಲೆ, ಹನ್ನೊಂದು ವರ್ಷದಿಂದ, ಮನೆಯೇ ಕಾರ್ಖಾನೆ. ಬರುತ್ತಿದ್ದದ್ದೆಲ್ಲ ಬೆಲ್ಟು ಬದಲಿಸುವ, ಎಣ್ಣೆ ಬಿಡುವ ಚಿಲ್ಲರೆ ಕೆಲಸ. ಈಗ ಮೊದಲ ಸಲ ದೊಡ್ಡದೊಂದು ಕೆಲಸ ತಾನಾಗಿ ಮನೆ ಹುಡುಕಿಕೊಂಡು ಬಂದಿತ್ತು: ಹೊಲಿಗೆ ತರಬೇತಿ ಶಾಲೆಯೊಂದರ ನಲವತ್ತು ಮಿಷನ್‌ಗಳನ್ನು ವರ್ಷವಿಡೀ ನೋಡಿಕೊಳ್ಳುವ ಕೆಲಸ. ಶಾಲೆಯ ಮುಖ್ಯಸ್ಥೆ ಹಾಕಿದ್ದು ಒಂದೇ ಷರತ್ತು. ವ್ಯಾಪಾರಕ್ಕೊಂದು ತೆರಿಗೆ ನಂಬರು ಇರಬೇಕು, ಅದನ್ನು ಶುಕ್ರವಾರ ಸಂಜೆ ಐದರೊಳಗೆ ಕಳಿಸಬೇಕು. ತಪ್ಪಿದರೆ ಕೆಲಸ ದೊಡ್ಡ ರಸ್ತೆಯ ಕಂಪನಿಗೆ. ರಾಯರು ಸೋಮವಾರದಿಂದ ಗುರುವಾರದವರೆಗೆ ಸಿಕ್ಕಸಿಕ್ಕವರಿಗೆ ಈ ಸುದ್ದಿ ಹೇಳುವುದರಲ್ಲೇ ಕಳೆದು, ಶುಕ್ರವಾರ ಮಗಳ ಕಂಪ್ಯೂಟರಿನ ಮುಂದೆ ಬಂದು ಕೂತಿದ್ದರು.

ಬೀದಿ ಮೂಲೆಯ ಕಂಪ್ಯೂಟರ್ ಅಂಗಡಿಯವನು ತಾನೇ ಅರ್ಜಿ ತುಂಬಿಕೊಡುತ್ತೇನೆ ಎಂದಿದ್ದ. ರಾಯರಿಗೆ ಅದು ಅವಮಾನವಾಗಿ ಕಂಡಿತು. ಸದ್ದು ಕೇಳಿಯೇ ಮಿಷನ್ನಿನ ರೋಗ ಹಿಡಿಯುವ ತಾನು ಯಃಕಶ್ಚಿತ್ ಒಂದು ಅರ್ಜಿಗೆ ಹೆದರುವುದೇ!

ಅರ್ಜಿ ಮಾತ್ರ ಸದ್ದು ಮಾಡದೆಯೇ ಕೆಡುವ ಜಾತಿಯದು. ಮೊದಲ ಪುಟದಲ್ಲೇ ಅವರ ಫೋಟೋ ತೂಕ ಜಾಸ್ತಿಯಾಯಿತೆಂದು ವಾಪಸು ತಳ್ಳಿತು. ರಾಯರು ಹೊಟ್ಟೆಯನ್ನು ಒಳಗೆಳೆದುಕೊಂಡು ಇನ್ನೊಂದು ತೆಗೆಸಿಕೊಂಡರು. ಅದೂ ಅಷ್ಟೇ ತೂಕ ಬಂತು. ಕೊನೆಗೆ ಮಗಳು ಪುಸ್ತಕದಿಂದ ತಲೆಯೆತ್ತದೆ ಏನೋ ಎರಡು ಗುಂಡಿ ಒತ್ತಿ ಫೋಟೋ ಫೈಲಿನ ತೂಕ ಇಳಿಸಿದಳು. ಆಮೇಲೆ ಯಾವ ಉದ್ಯಮ ಎಂಬ ಪ್ರಶ್ನೆ. ಹಡಗು ಒಡೆಯುವುದರಿಂದ ಹಿಡಿದು ಜೇನು ಸಾಕುವುದರವರೆಗೆ ಮುನ್ನೂರು ಉದ್ಯಮಗಳ ಪಟ್ಟಿ. ಹೊಲಿಗೆ ಮಿಷನ್ ಹುಡುಕಿಕೊಂಡು ರಾಯರು ನಿಧಾನವಾಗಿ ಇಳಿಯುವಷ್ಟರಲ್ಲಿ 'ನಿಮ್ಮ ಅವಧಿ ಮುಗಿದಿದೆ' ಎಂಬ ಸಾಲು ಮೂಡಿ, ತುಂಬಿದ್ದೆಲ್ಲ ಮಾಯ. ಎರಡನೆಯ ಸಲವೂ ಹಾಗೇ ಆಯಿತು. ಆ ಸಲ ತಪ್ಪು ರಾಯರದೇ, ಅರ್ಜಿಯೊಡನೆ ಜಗಳಕ್ಕೆ ನಿಂತು ಹೊತ್ತು ಕಳೆದಿದ್ದರು. ಹನ್ನೊಂದು ಗಂಟೆಗೆ ನಂಬರು ಬರಲಿಲ್ಲ, ಆರನೆಯ ಪುಟ ಬಂತು.

ಆರನೆಯ ಪುಟ ಕೇಳಿದ್ದು ಇಷ್ಟೇ: ವ್ಯಾಪಾರ ನಡೆಸುವ ಮನೆ ಯಾರದು? ಬೇರೆಯವರದಾದರೆ ಅವರಿಂದ 'ನನ್ನ ಆಕ್ಷೇಪಣೆ ಇಲ್ಲ' ಎಂಬ ಪತ್ರ ಲಗತ್ತಿಸಿ. ಮನೆ ರಾಯರ ಮಾವನವರು ತಮ್ಮ ಮಗಳ ಹೆಸರಿಗೆ ಬರೆದುಕೊಟ್ಟದ್ದು. ಅಂದರೆ ಪತ್ರ ಕೊಡಬೇಕಾದವರು ಹತ್ತು ಹೆಜ್ಜೆ ದೂರದಲ್ಲಿ ಉಗುರು ಕತ್ತರಿಸಿಕೊಳ್ಳುತ್ತಿದ್ದರು. ನೀರು ಕುಡಿದಷ್ಟು ಸುಲಭ ಎಂದುಕೊಂಡ ರಾಯರು, ಅಲ್ಲೇ ಕೊಟ್ಟಿದ್ದ ನಮೂನೆಯನ್ನು ಮುದ್ರಿಸಿ, ಹಾಲಿನವನ ಚೀಟಿ ಚಾಚುವಷ್ಟು ಸಲೀಸಾಗಿ ಹೆಂಡತಿಯ ಮುಂದೆ ಚಾಚಿದರು.

ಅವರು ಮರೆತದ್ದು ಒಂದೇ ಸಂಗತಿ. ಆಕೆ ಔಷಧಿ ಕಾರ್ಖಾನೆಯಲ್ಲಿ ಗುಣಮಟ್ಟ ಪರೀಕ್ಷಿಸುವವರು. ಆಕೆಯ ಸಹಿ ಬೀಳದೆ ಒಂದು ಮಾತ್ರೆಯೂ ಗೇಟು ದಾಟುವುದಿಲ್ಲ. ಕಣ್ಣಾರೆ ನೋಡದೆ ಆಕೆ ಸಹಿ ಹಾಕಿದ್ದು ಹತ್ತೊಂಬತ್ತು ವರ್ಷದಲ್ಲಿ ಒಂದು ಸಲವೂ ಇಲ್ಲ. ಮದುವೆಯ ನೋಂದಣಿ ಪುಸ್ತಕಕ್ಕೂ, ವರನ ಕಾಲಮ್ಮನ್ನು ಪೂರ್ತಿ ಓದಿ, ರಾಯರ ವಯಸ್ಸನ್ನು ಎರಡು ವರ್ಷ ಹೆಚ್ಚಿಗೆ ತಿದ್ದಿಸಿ, ಆಮೇಲೇ ಸಹಿ ಹಾಕಿದವರು.

ಆಕೆ ಕನ್ನಡಕ ಹಾಕಿಕೊಂಡು ಓದಿದರು. "ಎರಡನೇ ಸಾಲು ತಪ್ಪಿದೆ" ಅಂದರು.

"ಅದು ಅವರೇ ಕೊಟ್ಟಿರೋ ನಮೂನೆ."

"'ಯಾವುದೇ ರೀತಿಯ ಆಕ್ಷೇಪಣೆ ಇರುವುದಿಲ್ಲ' ಅಂತಿದೆ. ನನಗೆ ಇದೆಯಲ್ಲ."

"ಎಷ್ಟಿದೆ?" ರಾಯರು ನಕ್ಕರು.

"ಎಣಿಸಿ ಹೇಳ್ತೀನಿ" ಎಂದು ಆಕೆ ಎದ್ದೇಬಿಟ್ಟರು.

ಇಷ್ಟು ವರ್ಷ ಇಲ್ಲದ ಆಕ್ಷೇಪಣೆ ಇವತ್ತೇ ಎಲ್ಲಿಂದ ಹುಟ್ಟಿತು ಎಂದು ರಾಯರು ಹಿಂದಿಂದೆಯೇ ಕೇಳಿದರು. ಇಷ್ಟು ವರ್ಷ ಯಾರೂ ಬರವಣಿಗೆಯಲ್ಲಿ ಕೇಳಿರಲಿಲ್ಲ ಎಂಬ ಉತ್ತರ ಬಂತು.

ಆಕೆ ರಟ್ಟು, ಕಾಗದ, ಪೆನ್ನು ಹಿಡಿದು ಮನೆಯನ್ನೇ ತಪಾಸಣೆಗೆ ಒಳಪಡಿಸಿದರು. ಊಟದ ಮೇಜಿನ ಮೇಲೆ ಬಿಚ್ಚಿದ ಮೂರು ಮಿಷನ್‌ಗಳು ಕೂತಿದ್ದವು. ನಾಲ್ಕು ವರ್ಷದಿಂದ ಸಂಸಾರ ತಟ್ಟೆಯನ್ನು ತೊಡೆಯ ಮೇಲಿಟ್ಟುಕೊಂಡು ಉಣ್ಣುತ್ತಿತ್ತು. ಅಡುಗೆ ಎಣ್ಣೆಯ ಪಕ್ಕದಲ್ಲೇ, ಅದೇ ಬಗೆಯ ಶೀಶೆಯಲ್ಲಿ, ಮಿಷನ್ ಎಣ್ಣೆ. ಕಳೆದ ತಿಂಗಳು ಊಟಕ್ಕೆ ಬಂದ ಆಕೆಯ ತಮ್ಮ ಹುರಿದ ಮೊಟ್ಟೆ ತಿಂದು "ಗಂಟಲಲ್ಲಿ ಹಾಗೇ ಜಾರುತ್ತೆ, ಭಾವ" ಎಂದು ಹೊಗಳಿದ್ದು ಯಾಕೆಂದು ಎಲ್ಲರಿಗೂ ಆಮೇಲೆ ಗೊತ್ತಾಗಿತ್ತು, ಅವನೊಬ್ಬನನ್ನು ಬಿಟ್ಟು. ಬಚ್ಚಲಿನ ಬಕೆಟ್ಟಿನಲ್ಲಿ ಸೀಮೆಎಣ್ಣೆಯಲ್ಲಿ ನೆನೆಹಾಕಿದ ಬಿಡಿಭಾಗಗಳು. ಸೋಪಿನ ಪೆಟ್ಟಿಗೆಯಲ್ಲಿ ಸೂಜಿಗಳು. ಬೆಳಗಿನ ಜಾವ ಪೆಡಲಿನ ಗಡಗಡ ಸದ್ದು ಬೇರೆ.

ಎಲ್ಲಕ್ಕಿಂತ ದೊಡ್ಡದು ಪರೀಕ್ಷೆಯ ಹೊಲಿಗೆ. ರಿಪೇರಿಯಾದ ಮಿಷನ್ ಸರಿಯಾಗಿದೆಯೇ ಎಂದು ರಾಯರು ಕೈಗೆ ಸಿಕ್ಕ ಬಟ್ಟೆಯ ಮೇಲೆ ಹೊಲಿದು ನೋಡುತ್ತಿದ್ದರು. ಮನೆಯಲ್ಲಿ ಹೊಲಿಗೆ ಬೀಳದ ಟವೆಲ್ ಇರಲಿಲ್ಲ. ಪರದೆಗಳ ಮೇಲೆ ಅಂಕುಡೊಂಕು ರೈಲುಹಳಿ. ಒಮ್ಮೆ ಆಕೆಯ ಕಾರ್ಖಾನೆಯ ಬಿಳಿ ಕೋಟಿನ ಜೇಬಿನ ಬಾಯಿಯನ್ನೇ ಮುಚ್ಚಿ ಹೊಲಿದಿದ್ದರು. ದೊಡ್ಡ ಸಾಹೇಬರ ಮುಂದೆ ಆಕೆ ಜೇಬಿಗೆ ಮೂರು ಸಲ ಪೆನ್ನು ಇಟ್ಟಿದ್ದರು, ಮೂರು ಸಲವೂ ಅದು ನೆಲಕ್ಕೆ ಬಿದ್ದಿತ್ತು.

ಮಲಗುವ ಕೋಣೆಗೆ ಹೋದ ಆಕೆ ಅಲ್ಲಿ ಸ್ವಲ್ಪ ಹೊತ್ತು ಹೆಚ್ಚೇ ಇದ್ದರು. ಹೊರಬಂದಾಗ ಕಾಗದದಲ್ಲಿ ಏಳು ಸಾಲುಗಳಿದ್ದವು. ಏಳನೆಯದರ ಮೇಲೆ ಆಕೆಯ ಹೆಬ್ಬೆರಳಿತ್ತು. "ಮೊದಲಿನ ಆರನ್ನ ಸರಿ ಮಾಡಿ. ಮೂರು ಗಂಟೆಗೆ ಬಂದು ನೋಡ್ತೀನಿ" ಎಂದು ಹೇಳಿ ಮಾರ್ಕೆಟ್ಟಿಗೆ ಹೊರಟುಹೋದರು.

ಆಮೇಲೆ ನಡೆದದ್ದು ಒಂದು ಮಹಾಸಮರ! ರಾಯರು ಮೂರು ಮಿಷನ್‌ಗಳನ್ನು ಏದುಸಿರು ಬಿಡುತ್ತಾ ಮಹಡಿಗೆ ಹೊತ್ತರು. ಶೀಶೆಗಳನ್ನು ಬೇರ್ಪಡಿಸಲು ಹೋಗಿ ಯಾವುದು ಯಾವ ಎಣ್ಣೆ ಎಂದು ತಮಗೇ ತಿಳಿಯದೆ ಎರಡನ್ನೂ ನೆಕ್ಕಿ ನೋಡಿ ನಿರ್ಧರಿಸಿದರು. ಪೆಡಲಿನ ಕೆಳಗೆ ಹಳೆಯ ಕಂಬಳಿ ಹಾಸಿದರು. ಹೀಗೆ ಎರಡೂವರೆಯ ಹೊತ್ತಿಗೆ ಐದು ಆಕ್ಷೇಪಣೆಗಳು ಮಣ್ಣು ಮುಕ್ಕಿದವು. ಉಳಿದದ್ದು ಪರದೆ. ಹೊಲಿಗೆ ಬಿಚ್ಚಲು ಹೋದ ಬ್ಲೇಡು ಆತುರದಲ್ಲಿ ಪರದೆಯನ್ನೇ ಮೇಲಿನಿಂದ ಕೆಳಗಿನವರೆಗೆ ಬಿಚ್ಚಿಹಾಕಿತು. ರಾಯರು ಎದೆಗುಂದಲಿಲ್ಲ. ಕಾರ್ಖಾನೆಯಿಂದ ತಂದಿದ್ದ ಮಿಂಚಿನ ವೇಗದ ಮಿಷನ್ನಿಗೆ ಪರದೆಯನ್ನು ಕೊಟ್ಟು, ಅರ್ಧ ನಿಮಿಷದಲ್ಲಿ ಎರಡೂ ಹೋಳುಗಳನ್ನು ಜೋಡಿಸಿ, ಹೆಮ್ಮೆಯಿಂದ ಎದ್ದು ನಿಂತರು.

ಪರದೆಯೂ ಅವರೊಡನೆ ಎದ್ದು ನಿಂತಿತು. ಅವರ ಅಂಗಿಯ ಅಂಚು ಒಂದೂವರೆ ಅಡಿ ಉದ್ದಕ್ಕೆ, ಒಂದೇ ಒಂದು ಹೊಲಿಗೆ ತಪ್ಪದೆ, ಪರದೆಯೊಳಗೆ ಸೇರಿಹೋಗಿತ್ತು.

ಆಗಲೇ ಮಗಳು ಒಳಗಿನಿಂದ ಕೂಗಿದಳು. "ಅಪ್ಪಾ, ಅರ್ಜಿ ಮುಂದುವರಿಸೋಕೆ ನಿನ್ನ ಫೋನಿಗೆ ಕೋಡ್ ಬಂದಿರುತ್ತೆ. ಎರಡು ನಿಮಿಷದೊಳಗೆ ಹೇಳು, ಇಲ್ಲಾಂದ್ರೆ ಮತ್ತೆ ಮೊದಲ ಪುಟದಿಂದ ಶುರು."

ಮತ್ತೆ ಮೊದಲ ಪುಟ, ಮತ್ತೆ ಫೋಟೋ, ಮತ್ತೆ ಹಡಗು! ರಾಯರು ಫೋನು ಹಿಡಿದು ಓಡಿದರು. ಬೆನ್ನ ಹಿಂದೆ ಆರಡಿ ಪರದೆ ಓಡಿತು. ಅದು ದಾರಿಯಲ್ಲಿದ್ದ ಸ್ಟೂಲಿಗೆ ಸಿಕ್ಕಿಕೊಂಡು, ಸ್ಟೂಲಿನ ಮೇಲಿದ್ದ ಬಾಬಿನ್ ಡಬ್ಬಿ ಉರುಳಿ, ಇನ್ನೂರು ಬಾಬಿನ್‌ಗಳು ಬಣ್ಣಬಣ್ಣದ ದಾರ ಬಿಚ್ಚಿಕೊಳ್ಳುತ್ತಾ ಹಜಾರದ ಮೂಲೆಮೂಲೆಗೂ ಚದುರಿದವು. ರಾಯರು ಬಿದ್ದಲ್ಲಿಂದಲೇ ಆರು ಅಂಕಿಗಳನ್ನು ಕೂಗಿ ಹೇಳಿದರು. ಸರಿಯಾಗಿ ಮೂರು ಗಂಟೆಗೆ ಬಾಗಿಲು ತೆರೆಯಿತು.

ಹೆಂಡತಿ ನೆಲದ ಮೇಲಿನ ಗಂಡನನ್ನೂ, ಗಂಡನಿಗೆ ಹತ್ತಿಕೊಂಡ ಪರದೆಯನ್ನೂ ನೋಡಿದರು. ಚೀಲ ಕೆಳಗಿಟ್ಟರು. ಆಮೇಲೆ ಗೋಡೆಗೊರಗಿ ಕುಸಿದು ಕೂತು, ಕಣ್ಣಲ್ಲಿ ನೀರು ಬರುವವರೆಗೆ ನಕ್ಕರು. ಮಗಳೂ ಸೇರಿಕೊಂಡಳು. ಕೊನೆಗೆ ರಾಯರೂ ಬೇರೆ ದಾರಿಯಿಲ್ಲದೆ ನಕ್ಕರು. ಕತ್ತರಿ ತಂದು ಅವರನ್ನು ಪರದೆಯಿಂದ ಬಿಡಿಸಿ, ಮೂವರೂ ಮೊಣಕಾಲೂರಿ ಬಾಬಿನ್ ಹೆಕ್ಕುವಷ್ಟರಲ್ಲಿ ನಾಲ್ಕು ಗಂಟೆ ದಾಟಿತ್ತು.

ಆಕೆ ಒಂದೊಂದನ್ನೇ ನೋಡಿ ಆರು ಸಾಲುಗಳ ಮುಂದೆ ಗುರುತು ಹಾಕಿದರು. ನಮೂನೆಗೆ ಸಹಿ ಹಾಕಲಿಲ್ಲ. ಬೇರೆ ಹಾಳೆ ತೆಗೆದುಕೊಂಡು ಕೈಬರಹದಲ್ಲೇ ಬರೆದರು. ತನ್ನ ಏಳು ಆಕ್ಷೇಪಣೆಗಳಲ್ಲಿ ಆರು ಸರಿಹೋಗಿವೆ, ಏಳನೆಯದು ಹಾಗೇ ಇದೆ, ಆದರೂ ಈ ಮನೆಯಲ್ಲಿ ವ್ಯಾಪಾರ ನಡೆಸಲು ತನ್ನ ಒಪ್ಪಿಗೆ ಇದೆ ಎಂದು. ಕೆಳಗೆ ಸಹಿ, ದಿನಾಂಕ, ವೇಳೆ.

"ಏಳನೇದರ ಮಾತು ಬಿಟ್ಟುಬಿಡು, ಕೈಮುಗೀತೀನಿ" ಎಂದರು ರಾಯರು.

"ಕಂಡಿದ್ದನ್ನ ಬಿಟ್ಟು ಸಹಿ ಹಾಕೋದೂ, ಕಾಣದೆ ಸಹಿ ಹಾಕೋದೂ ಒಂದೇರೀ."

ಗಡಿಯಾರ ನೋಡಿದ ರಾಯರು ಅದನ್ನೇ ಲಗತ್ತಿಸಿ ಅರ್ಜಿ ಕಳಿಸಿಬಿಟ್ಟರು. ನಾಲ್ಕೂ ನಲವತ್ತಕ್ಕೆ ಫೋನು ಬಂತು. ತೆರಿಗೆ ಕಚೇರಿಯ ಅಧಿಕಾರಿ. ಮನೆಯ ಮಾಲೀಕರು ಇದ್ದಾರೆಯೇ ಎಂದು ಕೇಳಿದರು. 'ನಾನೇ' ಎನ್ನಲು ಬಾಯಿ ತೆರೆದ ರಾಯರು ಅದನ್ನು ಮುಚ್ಚಿಕೊಂಡು, ಎಲ್ಲರಿಗೂ ಕೇಳುವಂತೆ ಫೋನನ್ನು ಮೇಜಿನ ಮೇಲಿಟ್ಟರು.

"ಮೇಡಂ, ದಿನಕ್ಕೆ ಅರವತ್ತು ಪತ್ರ ನೋಡ್ತೀನಿ. ಓದಿ ಸಹಿ ಹಾಕಿದವರು ನೀವೊಬ್ಬರೇ ಅನ್ಸುತ್ತೆ" ಎಂದರು ಅಧಿಕಾರಿ. "ಆದ್ರೆ ಆ ಏಳನೇದು ಏನೂಂತ ತಿಳೀದೆ ನಾನು ಇದನ್ನ ಮುಂದಕ್ಕೆ ಕಳಿಸೋ ಹಾಗಿಲ್ಲ."

ಆಕೆ ಫೋನು ಎತ್ತಿಕೊಂಡು ಮಲಗುವ ಕೋಣೆಗೆ ನಡೆದರು. ಅಪ್ಪ ಮಗಳು ಹಿಂದೆಯೇ ಹೋದರು. ಬಾಗಿಲ ಹಿಂದೆ, ಮಡಿಸಿಟ್ಟ ಹೊದಿಕೆಗಳ ರಾಶಿಯನ್ನು ಆಕೆ ಸರಿಸಿದಾಗ ಕಂಡದ್ದು ಒಂದು ಹೊಲಿಗೆ ಮಿಷನ್. ಆಕೆ ಮೊದಲ ಸಂಬಳದಲ್ಲಿ ಕೊಂಡದ್ದು.

"ಇದು ನನ್ನದು, ಸಾರ್. ದಾರ ತುಂಡಾಗ್ತಿತ್ತು. ಒಂದಿಷ್ಟು ನೋಡಿ ಅಂತ ಇವರಿಗೆ ಕೊಟ್ಟೆ. ನಾಳೆ ನೋಡ್ತೀನಿ ಅಂದ್ರು. ಒಂಬತ್ತು ವರ್ಷ ಆಯ್ತು."

ಮಗಳು ಅಪ್ಪನ ಮುಖ ನೋಡಿದಳು. ರಾಯರಿಗೆ ಮಾತ್ರ ಹೋದ ಜೀವ ಬಂದಂತಾಯಿತು. ಇಷ್ಟೇ ತಾನೆ! ದಾರ ತುಂಡಾಗುವುದು ಅವರಿಗೆ ಯಾವ ಲೆಕ್ಕ? "ಐದೇ ನಿಮಿಷ ಸಾರ್, ಲೈನಲ್ಲೇ ಇರಿ" ಎಂದು ತೋಳು ಮಡಿಸಿ, ಮಿಷನ್ನಿನ ತಗಡು ಬಿಚ್ಚಿದರು.

ಒಳಗೆ ಏನೂ ಇರಲಿಲ್ಲ. ಶಟಲ್ ಇಲ್ಲ, ಸ್ಪ್ರಿಂಗ್ ಇಲ್ಲ, ಹಲ್ಲಿನ ಪಟ್ಟಿಯೂ ಇಲ್ಲ. ರಾಯರಿಗೆ ನಿಧಾನವಾಗಿ ಒಂದೊಂದೇ ನೆನಪಾಗತೊಡಗಿತು. ಶಟಲ್ ಎದುರುಮನೆಯಾಕೆಯ ಮಿಷನ್ನಿಗೆ ಹೋಗಿತ್ತು, ಸ್ಪ್ರಿಂಗು ಪಕ್ಕದ ಮನೆಯ ದರ್ಜಿಗೆ. ಯಾರೇ ಅವಸರದ ಗಿರಾಕಿ ಬಂದರೂ, ನಾಳೆ ಹೊಸದು ತಂದು ಹಾಕಿದರಾಯಿತು ಎಂದುಕೊಂಡು ಇದರಿಂದ ಕಿತ್ತು ಕೊಟ್ಟಿದ್ದರು. ಅರ್ಧ ಬೀದಿಯ ಮಿಷನ್‌ಗಳು ಹೆಂಡತಿಯ ಮಿಷನ್ನಿನ ಒಳಾಂಗದಿಂದಲೇ ಓಡುತ್ತಿದ್ದವು. ಬೆಳಗ್ಗೆ ತಪಾಸಣೆಯಲ್ಲಿ ಆಕೆ ಇದನ್ನು ಬಿಚ್ಚಿ ನೋಡಿದ್ದರೆಂಬುದೂ ಈಗ ಹೊಳೆಯಿತು. ನೋಡಿಯೂ ಒಪ್ಪಿಗೆ ಇದೆ ಎಂದು ಬರೆದಿದ್ದರು. ರಾಯರಿಗೆ ನಿಜಕ್ಕೂ ನಾಚಿಕೆಯಾಯಿತು.

"ಆಯ್ತಾ?" ಅಧಿಕಾರಿ ಕೇಳಿದರು. ಗಂಟೆ ನಾಲ್ಕೂ ನಲವತ್ತೆಂಟು.

"ಇಲ್ಲ ಸಾರ್. ಇದು ಐದು ನಿಮಿಷದ್ದಲ್ಲ" ಎಂದರು ರಾಯರು, ತುಟಿಯಿಂದ ಸೂಜಿ ತೆಗೆದು. "ಇವಳು ಬರೆದಿರೋದು ಸರಿಯಾಗಿದೆ. ಅರ್ಜಿ ವಾಪಸ್ ಕಳಿಸಿಬಿಡಿ."

ನಲವತ್ತು ಮಿಷನ್‌ಗಳು ಸಾಲುಸಾಲಾಗಿ ದೊಡ್ಡ ರಸ್ತೆಯ ಕಡೆಗೆ ಹೊರಟಂತೆ ಅವರಿಗೆ ಕಂಡಿತು. ಹೆಂಡತಿ ಒಂದು ಗಳಿಗೆ ಅವರನ್ನೇ ನೋಡಿ, ಫೋನನ್ನು ಹತ್ತಿರಕ್ಕೆ ಎಳೆದುಕೊಂಡರು.

"ಬೇಡ ಸಾರ್, ನಂಬರ್ ಕೊಟ್ಬಿಡಿ. ಇಷ್ಟು ದಿನ ಇವರು ನನಗೆ ಬರೀ ಗಂಡ. ಗಂಡ ರಿಪೇರಿ ಮಾಡಿಕೊಡಲಿಲ್ಲ ಅಂತ ಹೇಳಿದ್ರೆ ಯಾರು ಕೇಳ್ತಾರೆ? ನಂಬರ್ ಬಂದ್ರೆ ಇವರು ವ್ಯಾಪಾರಸ್ಥರು, ನಾನು ಗಿರಾಕಿ. ದೂರು ಕೊಡೋಕೆ ನನಗೂ ಒಂದು ಜಾಗ ಅಂತ ಆಗುತ್ತೆ."

ಆ ಕಡೆ ಕುರ್ಚಿ ಕಿರ್ರೆಂದ ಸದ್ದು, ಅದರ ಹಿಂದೆಯೇ ನಗು. "ಆಗುತ್ತೆ ಮೇಡಂ, ಖಂಡಿತಾ ಆಗುತ್ತೆ. ಗಿರಾಕಿಗಳ ದೂರಿಗೇಂತ ಪ್ರತ್ಯೇಕ ನಂಬರ್ ಇದೆ. ಬರ್ಕೊಳ್ತೀರಾ?"

ರಾಯರ ತೆರಿಗೆ ನಂಬರು ನಾಲ್ಕೂ ಐವತ್ತೆರಡಕ್ಕೆ ಬಂತು. ಮಗಳು ಅದನ್ನು ಆ ಕ್ಷಣವೇ ತರಬೇತಿ ಶಾಲೆಗೆ ಕಳಿಸಿದಳು, ನಲವತ್ತು ಮಿಷನ್‌ಗಳೂ ಉಳಿದವು. ಆದರೆ ಹೆಂಡತಿಯ ದೂರಿನ ನಂಬರು ಅದಕ್ಕಿಂತ ಎರಡು ನಿಮಿಷ ಮೊದಲೇ ಬಂದಾಗಿತ್ತು. ಆಕೆಗೆ ಓಡಿಹೋಗಿ ಪೆನ್ನು ತಂದುಕೊಟ್ಟವರು, ಒಂದು ಅಂಕಿಯೂ ತಪ್ಪಬಾರದೆಂದು ಪಕ್ಕದಲ್ಲಿ ನಿಂತು ಎರಡೆರಡು ಸಲ ಓದಿ ಹೇಳಿದವರು, ಸಾಕ್ಷಾತ್ ಸೂಜಿರಾಯರೇ.