ಸುಮೇರಿಯಾದ ಜೋಕು, ಬೆರ್ರಿಯೆಸಾದ ಒಡಪು

ಹನ್ನೊಂದು ವರ್ಷದ ಸಂಸಾರದಲ್ಲಿ ಕೇದಾರನ ಒಂದೇ ಒಂದು ಜೋಕಿಗೂ ಉಮಾಶ್ರೀ ನಕ್ಕಿರಲಿಲ್ಲ. ಆಫೀಸಿನಲ್ಲಿ ಅವನ ಮಾತಿಗೆ ನಗುವವರಿದ್ದರು (ಅವರೆಲ್ಲ ಅವನ ಕೈಕೆಳಗಿನವರು, ಆ ಮಾತು ಬೇರೆ). ಮನೆಯಲ್ಲಿ ಮಾತ್ರ ಅವನ ಸರಕಿಗೆ ಗಿರಾಕಿಯಿಲ್ಲ. ಒಂದು ಸಲವಾದರೂ ಹೆಂಡತಿಯನ್ನು ನಗಿಸಿಯೇ ತೀರುವೆನೆಂದು ಕಡಲಾಚೆಯ ಫಾಸ್ಟರ್ ಸಿಟಿಯಲ್ಲಿ ನೆಲೆಸಿದ್ದ ಈ ಹುಬ್ಬಳ್ಳಿ ಇಂಜಿನಿಯರು ಪಣ ತೊಟ್ಟ. ಹೊಸ ಮಾಲು ಓಡದಿದ್ದರೆ ಹಳೇ ಮಾಲು; ಪ್ರಾಚೀನ ನಾಗರಿಕತೆಗಳ ಹಾಸ್ಯವನ್ನೇ ಅಗೆಯಲು ಕೂತ. ಮೂರು ವಾರ ಊಟದ ತಟ್ಟೆಯ ಪಕ್ಕದಲ್ಲೂ ಲ್ಯಾಪ್‌ಟಾಪು. ಉಮಾಶ್ರೀ ಎರಡು ಸಲ ಏನೋ ಹೇಳಲು ಬಂದಾಗ, ತಾನು ಈಜಿಪ್ಟಿನಲ್ಲಿರುವುದಾಗಿ ಕೈಸನ್ನೆ ಮಾಡಿ ಕಳಿಸಿದ.

ಕೊನೆಗೆ ಸಿಕ್ಕಿದ್ದು ಸುಮೇರಿಯಾದಲ್ಲಿ. ಸುಮಾರು ನಾಲ್ಕು ಸಾವಿರ ವರ್ಷದ ಹಿಂದೆ ಯಾರೋ ಜೇಡಿಮಣ್ಣಿನ ಹಲಗೆಯ ಮೇಲೆ ಕೊರೆದ ಜೋಕು. ವಿಷಯ, ಗಂಡನ ತೊಡೆಯ ಮೇಲೆ ಕೂತ ಹೆಂಡತಿಯ ಅಪಾನವಾಯು. ಅಡುಗೆಮನೆಗೆ ಹೋಗಿ ಅಭಿನಯ ಸಮೇತ ಒಪ್ಪಿಸಿದ. ಉಮಾಶ್ರೀ ಒಗ್ಗರಣೆಯಿಂದ ಕಣ್ಣು ತೆಗೆಯಲಿಲ್ಲ.

"ಬರದಾಂವ ಗಂಡಸು. ಹೂಸು ಬಿಟ್ಟೋರು ಯಾರಂತ ಆ ಹೆಣ್ಮಗಳನ್ನ ಕೇಳಬೇಕಿತ್ತು."

ಕೇದಾರ ಸೋಲೊಪ್ಪಲಿಲ್ಲ. ನಾಲ್ಕು ಜನ ನಕ್ಕರೆ ಅವಳೂ ನಗಲೇಬೇಕಲ್ಲ. ಶನಿವಾರ ಬೆರ್ರಿಯೆಸಾದಲ್ಲಿ ಗೆಳೆಯ ಅನಿಕೇತನ ಹೆಂಡತಿ ದೀಪಾಲಿಯ ಕುಬುಸದ ಕಾರ್ಯ, ಅಂದರೆ ಸೀಮಂತವಿತ್ತು. ಹಸಿರು ಸೀರೆಯುಟ್ಟ ಬಸುರಿಯ ಮುಂದೆ, ಹುಬ್ಬಳ್ಳಿಯಿಂದ ಬಂದಿದ್ದ ಅವಳ ಅಜ್ಜಿ ಕಾಶವ್ವನ ಮುಂದೆ, ಆ ಪುರಾತನ ವಾಯುವನ್ನು ಬಿಡುಗಡೆ ಮಾಡಿದ. ಹೋಳಿಗೆ ಹಿಡಿದ ಕೈಗಳು ಬಾಯಿಯ ಹತ್ತಿರವೇ ನಿಂತವು. ಕೆಟ್ಟ ಗಳಿಗೆಯನ್ನು ತಿದ್ದಲು ಕಾಶವ್ವ ಉಮಾಶ್ರೀಯತ್ತ ತಿರುಗಿದಳು.

"ನೀನರೆ ಒಂದು ಛಲೋ ಒಡಪು ಹಾಕಿ ಗಂಡನ ಹೆಸರು ಹೇಳವ್ವಾ."

ಪ್ರಾಸ ಕಟ್ಟಿ ಅದರ ಕೊನೆಗೆ ಗಂಡನ ಹೆಸರು ಕೂರಿಸುವ ಒಡಪೆಂದರೆ ಉಮಾಶ್ರೀ ಸಾಮಾನ್ಯವಾಗಿ ತಪ್ಪಿಸಿಕೊಳ್ಳುವವಳು. ಅಂದು ಸೆರಗು ಸರಿಮಾಡಿಕೊಂಡು ಎದ್ದೇ ನಿಂತಳು.

"ನಾಲ್ಕ ಸಾವಿರ ವರ್ಷದ ಸುದ್ದಿ ಹೇಳಾಕ ಭಾಳ ಶೂರ,
ನಾಲ್ಕ ದಿನ ನಾ ಜ್ವರ ಬಂದು ಮಲಗಿದ್ದು ಗೊತ್ತಿಲ್ಲ, ಹೆಸರು ಕೇದಾರ."

ಸೂರು ಹಾರುವಂತೆ ನಕ್ಕರು. ದೀಪಾಲಿ ಎರಡು ಜೀವಕ್ಕೂ ಸೇರಿಸಿ ನಕ್ಕಳು. ಕಾಶವ್ವ ಇನ್ನೊಮ್ಮೆ ಹೇಳಿಸಿದಳು. ಕೇದಾರನೂ ನಕ್ಕ. ಇದು ಪ್ರಾಸಕ್ಕೆ ಹೇಳಿದ್ದೋ ನಿಜವೋ ತಿಳಿಯದೆ ನಕ್ಕವನು ಅಲ್ಲಿ ಅವನೊಬ್ಬನೇ. ಕುಬುಸಕ್ಕೆ ಬಂದಿದ್ದ, ಫಾಸ್ಟರ್ ಸಿಟಿಯಲ್ಲಿ ಅವರ ಪಕ್ಕದ ಮನೆಯ ನೀಲಾಬಾಯಿ ಅವನನ್ನು ಕರೆದು, ಆ ನಾಲ್ಕು ದಿನ ತಾನು ಕಳಿಸಿದ ಮೆಣಸಿನ ಸಾರು ರುಚಿಯಾಗಿತ್ತೇ ಎಂದು ವಿಚಾರಿಸಿದರು. ಬಹಳ ರುಚಿಯಾಗಿತ್ತು. ಅವನು ಎರಡೆರಡು ಸಲ ಬಡಿಸಿಕೊಂಡು, ಹೆಂಡತಿಯ ಕೈಗುಣವನ್ನು ಹೊಗಳಿದ್ದ.

ಕಾರು ಫ್ರೀವೇ ಹತ್ತಿದ ಮೇಲೆ, ರಸ್ತೆಯನ್ನೇ ನೋಡುತ್ತಾ ಕೇದಾರ ಕೇಳಿದ: "ಈಗ ಹ್ಯಾಂಗೈತಿ ಜ್ವರ?"

ಜ್ವರ ಬಿಟ್ಟು ಒಂಬತ್ತು ದಿನವಾಗಿತ್ತು. ಉಮಾಶ್ರೀ ಒಂದು ಗಳಿಗೆ ಅವನ ಮುಖ ನೋಡಿದಳು. ಆಮೇಲೆ ನಗತೊಡಗಿದಳು. ಸಣ್ಣಗೆ ಶುರುವಾದ ನಗು ಸೆರಗಿನಿಂದ ಕಣ್ಣೊರೆಸಿಕೊಳ್ಳುವ ತನಕ ಬಂತು; ಸ್ಯಾನ್ ಮಟಿಯೊ ಸೇತುವೆ ದಾಟಿದರೂ ನಿಲ್ಲಲಿಲ್ಲ. ಹನ್ನೊಂದು ವರ್ಷದಲ್ಲಿ ಅವನ ಮಾತಿಗೆ ಅವಳು ನಕ್ಕಿದ್ದು ಅದೇ ಮೊದಲು. ಕೇದಾರ ಮಾತ್ರ ಜೋಕು ಹೇಳಿರಲಿಲ್ಲ.