ಟೆಂಪೆ ಮಾಡಲು ಹೋಗಿ ಮೋಸಗಾರನಾದದ್ದು

ತಾನು ಮೋಸಗಾರನಲ್ಲ ಎಂದು ಸಾಬೀತು ಮಾಡುವುದು ಇಷ್ಟು ಕಷ್ಟ ಎಂದು ಐವತ್ತೆರಡು ವರ್ಷ ನನಗೆ ಗೊತ್ತೇ ಇರಲಿಲ್ಲ. ಅದಕ್ಕೆ ಸಂದರ್ಭವೂ ಬಂದಿರಲಿಲ್ಲ. ಮೋಸ ಮಾಡುವಷ್ಟು ಚುರುಕುತನ ನನ್ನ ಮುಖದಲ್ಲಿ ಯಾರಿಗೂ ಕಂಡದ್ದಿಲ್ಲ. ಎಲ್ಲ ಶುರುವಾದದ್ದು ಟೆಂಪೆಯಿಂದ. ಟೆಂಪೆ ಎಂದರೆ ಸೋಯಾ ಕಾಳಿಗೆ ಬೇಕೆಂದೇ ಬೂಷ್ಟು ಹಿಡಿಸಿ ಗಟ್ಟಿ ಮಾಡುವ ಇಂಡೋನೇಷ್ಯಾದ ತಿನಿಸು. ಅದನ್ನು ನಮ್ಮ ಹಿತಕಿದ ಅವರೆಬೇಳೆಯಲ್ಲಿ ಮಾಡಿದರೆ ಹೇಗೆ ಎಂದು ಮಂಡ್ಯದವನಾದ ನನಗೆ ಕ್ಯಾಲಿಫೋರ್ನಿಯಾದ ಯೂನಿಯನ್ ಸಿಟಿಯ ಅಪಾರ್ಟ್‌ಮೆಂಟಿನಲ್ಲಿ ಕೂತು ಹೊಳೆಯಿತು. ಹೊಳೆಯಬಾರದಿತ್ತು.

ಆನ್‌ಲೈನ್ ಗುಂಪೊಂದರಲ್ಲಿ ಇಂಡೋನೇಷ್ಯಾದ ಸೆಮರಾಂಗ್ ಊರಿನ ಸುಲಾಸ್ತ್ರಿ ಎಂಬ ನಿವೃತ್ತ ಟೀಚರು ಗುರುವಾಗಿ ಸಿಕ್ಕರು. ನಾನು ಕೆಟ್ಟುಹೋದ ಟೆಂಪೆಯ ಫೋಟೊ ಕಳಿಸುವುದು, ಆಕೆ ‘ವ್ಕ್‌ವ್ಕ್‌ವ್ಕ್’ ಎಂದು ಬರೆಯುವುದು. ಫೋನಿನ ಮೇಲೆ ಕೋಳಿ ಓಡಾಡಿರಬೇಕು ಎಂದುಕೊಂಡಿದ್ದೆ. ಅಲ್ಲಿಯವರು ಇಂಟರ್‌ನೆಟ್ಟಿನಲ್ಲಿ ನಗುವುದೇ ಹಾಗಂತೆ. ಪರರ ವಿಷಯದಲ್ಲಿ ಮೂಗು ತೂರಿಸುವವನು ‘ಕೆಪೊ’. ಒಳಗೊಂದು ಇಟ್ಟುಕೊಂಡು ಬೆಣ್ಣೆ ಹಚ್ಚುವುದು ‘ಮೋಡುಸ್’. ಎರಡು ತಿಂಗಳಲ್ಲಿ ಇಷ್ಟೆಲ್ಲ ಕಲಿತೆ, ಟೆಂಪೆ ಒಂದು ಬಿಟ್ಟು. ಊಟ ಆಯ್ತಾ ಎಂದು ದಿನಾ ಕೇಳಿಕೊಳ್ಳುವಷ್ಟು ಸಲಿಗೆಯಾಯಿತು. ಈ ಊರಿನಲ್ಲಿ ನನ್ನನ್ನು ಹಾಗೆ ಕೇಳುವವರಿಲ್ಲ, ಅದಕ್ಕೇ ಬಹಳ ಹಿತವೆನಿಸುತ್ತಿತ್ತು.

ಒಂದು ಶನಿವಾರ ಬೆಳಿಗ್ಗೆ ಆಕೆಯ ಮಗ ಆದಿಯ ಮೆಸೇಜು ಇಂಗ್ಲಿಷಿನಲ್ಲಿ ಬಂತು. “ಅಂಕಲ್, ಇದು ಮೋಡುಸ್. ಅಮೆರಿಕದಲ್ಲಿ ಎಂಜಿನಿಯರ್ ಅಂತೀರಿ. ಒಂಟಿ ಹೆಂಗಸಿಗೆ ದಿನಾ ಊಟ ಆಯ್ತಾ ಅಂತೀರಿ. ವಿಡಿಯೊ ಕಾಲ್ ಅಂದ್ರೆ ನೆಪ ಹೇಳ್ತೀರಿ. ಈಗಲೇ ಮುಖ ತೋರಿಸಿ, ಇಲ್ಲಾಂದ್ರೆ ಅಮ್ಮನ ಫೋನಿಂದ ಬ್ಲಾಕ್ ಮಾಡ್ತೀನಿ.” ಆನ್‌ಲೈನಿನಲ್ಲಿ ಎಂಥವರನ್ನು ನಂಬಬಾರದು ಎಂದು ನಮ್ಮ ಆಫೀಸಿನಲ್ಲಿ ಪ್ರತಿ ವರ್ಷ ಪಾಠ ಹೇಳುವವನು ನಾನೇ. ಅವನು ಹೇಳಿದ ಮೂರೂ ನನ್ನ ಸ್ಲೈಡಿನಲ್ಲಿವೆ. ನೆಪ ಹೇಳಿದ್ದೂ ನಿಜ. ಮನೆಯಲ್ಲಿ ನಾನು ಬನಿಯನ್ನಿನಲ್ಲಿರುತ್ತೇನೆ.

ಬನಿಯನ್ನಿನಲ್ಲೇ ಕಾಲ್ ಮಾಡಿದೆ. ತಾಯಿ ಮಗ ಇಬ್ಬರೂ ಬಂದರು. ಕ್ಯಾಲಿಫೋರ್ನಿಯಾದ ಎಂಜಿನಿಯರ್ ಮನೆಯಲ್ಲಿ ಈಜುಕೊಳ ಎಲ್ಲಿ ಎಂದು ಆದಿ ಕೇಳಿದ. ಬಾಲ್ಕನಿ ತೋರಿಸಿದೆ. ಅಲ್ಲಿ ಒಂದು ಅಕ್ಕಿ ಮೂಟೆ, ಒಂದು ಒಣಗಿದ ತುಳಸಿ. ಅನುಮಾನ ಹೆಚ್ಚಿತು. ಆಫೀಸಿನ ಬ್ಯಾಡ್ಜು ತೋರಿಸಿದೆ. ಅದರ ಫೋಟೊದಲ್ಲಿ ನನಗೆ ತಲೆ ತುಂಬ ಕೂದಲು. ಅದು ಬೇರೆಯವರದು ಎಂದುಬಿಟ್ಟ. ಇನ್ನೇನು ಬ್ಲಾಕ್ ಒತ್ತಬೇಕು, ನನ್ನ ಹೆಂಡತಿ ಶಶಿ ಅಡುಗೆಮನೆಯಿಂದ ಬಂದಳು.

“ಏನ್ರೀ ಇದು? ದೋಸೆ ಹಿಟ್ಟು ಉಬ್ಬಲಿ ಅಂತ ಓವನ್ ಲೈಟ್ ಹಾಕಿ ಒಳಗಿಟ್ಟಿದ್ರೆ, ಅದನ್ನ ಆಚೆ ತಳ್ಳಿ ನಿಮ್ಮ ಬೂಷ್ಟು ಮಲಗಿಸಿದ್ದೀರಲ್ಲ. ಈಗ ನಿಮ್ಮ ತಲೆ ಮೇಲೆ ಹುಯ್ಯಲಾ ದೋಸೆ?” ಅಲ್ಲಿಂದ ನಮ್ಮ ಮದುವೆಯ ದಿನದವರೆಗೂ ಹೋಗಿ ಬಂದಳು.

ಆ ಕಡೆ ಇಬ್ಬರಿಗೂ ಕನ್ನಡ ಬಾರದು. ಆದರೂ ಸುಲಾಸ್ತ್ರಿ ಕಣ್ಣೊರೆಸಿಕೊಂಡು ನಗುತ್ತಿದ್ದರು. ಆದಿ ಬ್ಲಾಕ್ ಒತ್ತಲು ಹೊರಟ ಬೆರಳು ಹಿಂತೆಗೆದು, “ಸಾರಿ ಅಂಕಲ್, ಹೆಂಡತೀನ ಬಾಡಿಗೆಗೆ ತರಬಹುದು, ಈ ಬೈಗುಳ ತರೋಕಾಗಲ್ಲ” ಎಂದ.

ಸದ್ಯ, ಗೆಳೆತನ ಉಳಿಯಿತು ಎಂದುಕೊಂಡೆ. ಉಳಿದದ್ದು ಹೆಂಗಸರಿಬ್ಬರದು. ಈಗ ಸುಲಾಸ್ತ್ರಿ ಫೋನ್ ಮಾಡುವುದು ಶಶಿಗೆ. ಮೊನ್ನೆ ಸ್ಪೀಕರ್ ಹಾಕಿಕೊಂಡಿದ್ದಳು, ಬಾಗಿಲ ಹಿಂದೆ ನಿಂತು ಕೇಳಿಸಿಕೊಂಡೆ. “ನಿಜ ಹೇಳಿ, ನಿಮ್ಮ ಯಜಮಾನರು ಎಂಜಿನಿಯರ್ರೇನಾ?” ಎಂದು ಆಕೆ ಕೇಳುತ್ತಿದ್ದರು.

“ಹಾಗಂತ ಅವರು ಹೇಳ್ತಾರೆ” ಎಂದಳು ಶಶಿ. “ನಾನೂ ನಂಬ್ಕೊಂಡು ಬಂದ್ಬಿಟ್ಟೆ.”